ಘನಮೂಲದ ಒಳಗೆ ಮೈನಸ್ಸೂ ಇದೆ ಅಕ್ಷರಗಳೂ ಇವೆ, ಹೆಂಗೆ ಬಿಡಿಸೋದು?

ಪುಟ್ಟಿಯಪ್ಪ:
ಮಗಳ ಹೋಂವರ್ಕ್ ನೋಡೋಕೆ ಹೋಗಿ ನಾನೇ ಸಿಕ್ಕಾಕ್ಕೊಂಡಿದೀನಿ. ಲೆಕ್ಕ ಇದು: ∛(−54ಅ⁷ಬ⁵). ಕೀಬೋರ್ಡ್ ಬದಲಾಯಿಸೋಕೆ ಸೋಮಾರಿತನ, ಎಕ್ಸ್ ವೈ ಜಾಗದಲ್ಲಿ ಅ, ಬ ಹಾಕಿದೀನಿ. ಒಳಗಡೆ ಮೈನಸ್ ಇದೆ, ಇದಕ್ಕೆ ಉತ್ತರನೇ ಬರಲ್ಲ ಅಂದೆ, ಅದು ವರ್ಗಮೂಲಕ್ಕಪ್ಪಾ ಅಂತ ನಕ್ಕಳು. ಸರಿ ಅಂತ 54ನ್ನ 27×2 ಮಾಡಿ 27 ಹೊರಗೆ ತೆಗೆದೆ, ಅ⁷ ಅಲ್ಲಿ ಮೂರು ಕಳೆದು ಒಂದು ಅ ಹೊರಗೆ ಹಾಕಿ ಅ⁴ ಒಳಗೇ ಬಿಟ್ಟೆ, ಬ ಗೂ ಹಂಗೇ. ನನಗೆ ಬಂದಿದ್ದು −27ಅಬ∛(2ಅ⁴ಬ²), ಪುಸ್ತಕದ ಹಿಂದೆ ಇರೋದು −3ಅ²ಬ∛(2ಅಬ²). ಎಲ್ಲಿ ಎಡವಿದೆ?

ಕೊನೇಬೆಂಚು:
27 ಹಂಗೇ ಆಚೆ ಬರಲ್ಲ ಗುರೂ, ಅದರ ಘನಮೂಲ 3 ಮಾತ್ರ ಬರುತ್ತೆ. ಮೂರು ಮೂರು ಸಲ ಗುಣಿಸಿದ್ರೆ ತಾನೇ 27.

ನಿವೃತ್ತ ಮೇಷ್ಟ್ರು:
ನಿಮ್ಮದರಲ್ಲಿ ತಪ್ಪು ಅಂತ ಇರೋದು 27 ಒಂದೇ. ಅ⁴ ಬಿಟ್ಟಿದ್ದು ತಪ್ಪಲ್ಲ, ಅರ್ಧ ಕೆಲಸ ಅಷ್ಟೇ, ಒಳಗೆ ಇನ್ನೂ ಒಂದು ಅ³ ಉಳ್ಕೊಂಡಿದೆ ನೋಡಿ. ಕಳೀತಾ ಕೂರೋ ಬದಲು ಘಾತಾಂಕನ ನೇರ 3ರಿಂದ ಭಾಗಿಸಿ. 7ನ್ನ ಭಾಗಿಸಿದ್ರೆ ಭಾಗಲಬ್ಧ 2 ಶೇಷ 1, ಭಾಗಲಬ್ಧ ಹೊರಗೆ ಶೇಷ ಒಳಗೆ, ಅಂದ್ರೆ ಹೊರಗೆ ಅ² ಒಳಗೆ ಅ. 5ಕ್ಕೆ ಭಾಗಲಬ್ಧ 1 ಶೇಷ 2, ಹೊರಗೆ ಬ ಒಳಗೆ ಬ². ಮೈನಸ್ ವಿಷಯಕ್ಕೆ ನಿಮ್ಮ ಮಗಳು ಹೇಳಿದ್ದೇ ಸರಿ, (−3)×(−3)×(−3) ಅಂದ್ರೆ −27 ತಾನೇ, ಅದಕ್ಕೇ ಮೈನಸ್ ಆರಾಮಾಗಿ ಆಚೆ ಬರುತ್ತೆ. ವರ್ಗಮೂಲದಲ್ಲಿ √(ಅ²) ಬಿಡಿಸಿದ್ರೆ ಉತ್ತರ ಋಣ ಆಗದ ಹಾಗೆ |ಅ| ಅಂತ ಬರೀಬೇಕು, ಘನಮೂಲದಲ್ಲಿ ಆ ಗೋಜಿಲ್ಲ, ∛(ಅ³) ಅಂದ್ರೆ ಸೀದಾ ಅ. ನಮ್ಮ ಕಾಲದಲ್ಲಿ ಇದನ್ನೆಲ್ಲ ಕರಣಿ ಅಂತ ಕಲಿಸ್ತಿದ್ವಿ.

ಲೆಕ್ಕದ ಹುಚ್ಚ:
ಉತ್ತರ ಸರಿನಾ ಅಂತ ನೋಡೋಕೆ ಅ=1, ಬ=1 ಹಾಕಿ. ∛(−54) ಸುಮಾರು −3.78, ಪುಸ್ತಕದ ಉತ್ತರ −3∛2 ಅದೂ −3.78. ನಿಮ್ಮದು −27∛2 ಅಂದ್ರೆ −34, ಅಲ್ಲೇ ಸಿಕ್ಕಿಬೀಳುತ್ತೆ.

ನಿವೃತ್ತ ಮೇಷ್ಟ್ರು:
1 ಹಾಕಿದ್ರೆ ಸಂಖ್ಯೆ ತಪ್ಪು ಮಾತ್ರ ಸಿಗೋದಪ್ಪ, 1ಕ್ಕೆ ಎಷ್ಟು ಘಾತ ಹಾಕಿದ್ರೂ 1 ತಾನೇ, ಹಾಗಾಗಿ ಅ² ಬದಲು ಅ⁵ ಬರೆದಿದ್ರೂ ಪಾಸ್ ಆಗ್ತಿತ್ತು. ಅ=2 ಹಾಕಿ. ಒಳಗೆ −54×128, ಅಂದ್ರೆ −6912, ಅದರ ಘನಮೂಲ ಸುಮಾರು −19.05. ಪುಸ್ತಕದ್ದು −12∛4, ಅದೂ −19.05.

ಲೆಕ್ಕದ ಹುಚ್ಚ:
ಹೌದಲ್ವಾ, ಅದು ಹೊಳೀಲೇ ಇಲ್ಲ ಮೇಷ್ಟ್ರೇ.

ಪುಟ್ಟಿಯಪ್ಪ:
ಈಗ ಅರ್ಥ ಆಯ್ತು, ಥ್ಯಾಂಕ್ಸ್ ಎಲ್ರಿಗೂ. ಮುಂದಿನ ಲೆಕ್ಕ ∛16 + ∛54, ಇದನ್ನ ನಾನೇ ಮಾಡಿದೆ, 2∛2 + 3∛2, ಒಟ್ಟು 5∛2, ಸರಿ ಇದೆ ಅನ್ಸುತ್ತೆ. ಆದ್ರೆ ಅದರ ಕೆಳಗಿನದು ∛(ಅ³+8), ಮಗಳು ಒಂದೇ ಏಟಿಗೆ ಅ+2 ಅಂತ ಬರೆದು ಪುಸ್ತಕ ಮುಚ್ಚಿದಾಳೆ. ನನಗ್ಯಾಕೋ ಡೌಟು.

ಕೊನೇಬೆಂಚು:
ಅ=1 ಹಾಕಿ ನೋಡಿ. ಒಳಗೆ 9, ಘನಮೂಲ 2.08. ಅವಳ ಉತ್ತರ 3. ಒಳಗೆ ಗುಣಾಕಾರ ಇದ್ರೆ ಮಾತ್ರ ಬಿಡಿಸಿ ಆಚೆ ತರಬಹುದು, ಕೂಡೋದು ಇದ್ರೆ ಆಗಲ್ಲ, ಅದು ಹಾಗೇ ∛(ಅ³+8) ಅಂತಲೇ ಇರುತ್ತೆ.

ಪುಟ್ಟಿಯಪ್ಪ:
ಈಗ ನಗೋ ಸರದಿ ನಂದು 😀 ಎಬ್ಬಿಸಿ ಪುಸ್ತಕ ತೆಗೆಸ್ತೀನಿ ತಾಳಿ.