ಸಹಾಯ ಬೇಕು: ಎರಡು ಚಂದ್ರ ಇರೋ ಗ್ರಹಕ್ಕೆ ಪಂಚಾಂಗ

ಎಲ್ರಿಗೂ ನಮಸ್ಕಾರ, ಒಂದು ಫ್ಯಾಂಟಸಿ ಕಥೆ ಬರೀತಿದೀನಿ, ಅದ್ರಲ್ಲಿ ಜನ ಆಕಾಶನೌಕೆಲಿ ಊರೂರು ಸುತ್ತೋ ಹಾಗೆ ಗ್ರಹ ಸುತ್ತುತಾರೆ. ಅವರ ಮೂಲ ಗ್ರಹಕ್ಕೆ ಎರಡು ಚಂದ್ರ, ಒಂದರ ತಿಂಗಳು 20 ದಿನ ಇನ್ನೊಂದರದ್ದು 33, ಹಂಗಾಗಿ ಜೋಡಿ ಹುಣ್ಣಿಮೆ 660 ದಿನಕ್ಕೊಮ್ಮೆ, ಅದೇ ಅವರ ಯುಗಾದಿ ಅಂತ ಇಟ್ಕೊಂಡೆ, ಆದ್ರೆ ಸೂರ್ಯನ ಲೆಕ್ಕದ ವರ್ಷ 671 ದಿನ! ನಮ್ಮ ಚಾಂದ್ರಮಾನದಲ್ಲೂ 354ಕ್ಕೂ 365ಕ್ಕೂ ಹೆಚ್ಚುಕಮ್ಮಿ ಇಷ್ಟೇ ವ್ಯತ್ಯಾಸ, ಅಧಿಕಮಾಸ ಸೇರಿಸಿ ಸರಿ ಮಾಡ್ತೀವಿ. ಇಲ್ಲಿ 20 ದಿನದ ಅಧಿಕಮಾಸ ತುರುಕಿದ್ರೆ ಎರಡನೇ ಚಂದ್ರ ಹಳಿ ತಪ್ತಾನೆ. ಸುಮ್ನೆ ಬಿಟ್ರೆ 60 ವರ್ಷಕ್ಕೆ ತಾನಾಗೇ ಕೂಡುತ್ತೆ (ನಮ್ಮ 60 ಸಂವತ್ಸರದ ಥರಾನೇ, ಮಜಾ ಅಲ್ವಾ), ಆದ್ರೆ ಅಷ್ಟರಲ್ಲಿ ಯುಗಾದಿ ಎಲ್ಲಾ ಋತುಲೂ ಬಂದು ಹೋಗಿರುತ್ತೆ. ಇನ್ನು ಬೆಳಕಿನ ವೇಗದ ಹತ್ರ ಓಡೋ ನೌಕೆಲಿ ಟೈಮೇ ನಿಧಾನ, ಅವರು ಹಬ್ಬ ಯಾವ ಲೆಕ್ಕಕ್ಕೆ ಮಾಡ್ಬೇಕು? ಪಂಚಾಂಗದ ಗಣಿತ ಗೊತ್ತಿರೋರು ದಯವಿಟ್ಟು ಹೇಳಿ.