ಎಂಬಿಬಿಎಸ್ ಓದು, ಮೊದಲ ಸಂಶೋಧನೆ: ಡಾಕ್ಟರ್ ಮೇಡಂ ಜೊತೆ ಪ್ರಶ್ನೋತ್ತರ

ಅಡ್ಮಿನ್: ಎಲ್ಲರಿಗೂ ನಮಸ್ಕಾರ. ಮೈಸೂರು, ಮಂಡ್ಯ ಕಡೆ ಈ ಸಲ ಮೆಡಿಕಲ್ ಸೀಟು ಸಿಕ್ಕಿದ ಮಕ್ಕಳು, ಅವರ ತಂದೆ ತಾಯಿ ತುಂಬಾ ಜನ ಗುಂಪಿಗೆ ಸೇರಿದ್ದೀರಿ. ಕಮ್ಯುನಿಟಿ ಮೆಡಿಸಿನ್, ಅಂದರೆ ಊರಿನ ಜನರ ಆರೋಗ್ಯದ ವಿಷಯ, ಪಾಠ ಮಾಡಿ ನಿವೃತ್ತರಾದ ನಮ್ಮ ಡಾಕ್ಟರ್ ಮೇಡಂ ಇವತ್ತು ಸಂಜೆ ಉತ್ತರ ಕೊಡುತ್ತಾರೆ. ಓದಿನ ಬಗ್ಗೆ, ಸಂಶೋಧನೆ ಬಗ್ಗೆ ಕೇಳಿ. ಮನೆಯವರ ಕಾಯಿಲೆ ಬಗ್ಗೆ ಬೇಡ.

ಮದ್ದೂರಿನ ಅಪ್ಪ: ಮೇಡಂ, ಮಗಳಿಗೆ ಸೀಟು ಸಿಕ್ಕಿದೆ. ಕಾಲೇಜು ಶುರುವಾಗೋ ಮುಂಚೆ ಯಾವ ಪುಸ್ತಕ ಕೊಡಿಸಲಿ? ಅಂಗಡಿಯವರು ಇಡೀ ಸೆಟ್ಟೇ ತಗೊಳ್ಳಿ ಅಂತಾರೆ.

ಡಾಕ್ಟರ್ ಮೇಡಂ: ತುಂಬಾ ಸಂತೋಷ. ಈಗ ಏನೂ ಕೊಡಿಸಬೇಡಿ. ಮೊದಲ ವರ್ಷ ದೊಡ್ಡ ವಿಷಯ ಮೂರು: ಅನಾಟಮಿ, ಫಿಸಿಯಾಲಜಿ, ಬಯೋಕೆಮಿಸ್ಟ್ರಿ. ಲೈಬ್ರರಿ ಇದೆ, ಸೀನಿಯರ್‌ಗಳ ಹಳೇ ಪುಸ್ತಕ ಕಮ್ಮಿ ಬೆಲೆಗೆ ಸಿಗುತ್ತದೆ. ಒಂದು ತಿಂಗಳು ಓದಿದ ಮೇಲೆ ಯಾವುದು ತಲೆಗೆ ಹತ್ತುತ್ತದೆ ಅಂತ ಅವಳಿಗೇ ಗೊತ್ತಾಗುತ್ತದೆ, ಆಗ ತೆಗೆದುಕೊಡಿ. ಇನ್ನೊಂದು ಮಾತು ಈಗಲೇ ಹೇಳಿಡಿ. ಅನಾಟಮಿ ಕ್ಲಾಸಲ್ಲಿ ಮೊದಲ ದಿನ ಶವದ ಮುಂದೆ ನಿಂತಾಗ ತಲೆ ಸುತ್ತಬಹುದು, ಶವ ಕೆಡದಂತೆ ಹಾಕೋ ಫಾರ್ಮಲಿನ್ ವಾಸನೆಗೆ ಕಣ್ಣಲ್ಲಿ ನೀರು ಬರಬಹುದು, ರಾತ್ರಿ ಊಟ ಸೇರದೇ ಇರಬಹುದು. ಅದಕ್ಕೆ ಹೆದರಿ ಈ ಓದು ನನಗಲ್ಲ ಅಂದುಕೊಳ್ಳಬಾರದು. ತಿಂಡಿ ತಿನ್ನದೆ ಹೋಗಬಾರದು. ಅಲ್ಲಿ ಫೋಟೋ ತೆಗೆಯಬಾರದು.

ಸಕ್ಕರೆನಾಡು ಹುಡುಗ: ಎಂಬಿಬಿಎಸ್ ಎಷ್ಟು ವರ್ಷ ಮೇಡಂ?

ಡಾಕ್ಟರ್ ಮೇಡಂ: ನಾಲ್ಕೂವರೆ ವರ್ಷ ಓದು, ಒಂದು ವರ್ಷ ಇಂಟರ್ನ್‌ಶಿಪ್. ಒಟ್ಟು ಐದೂವರೆ.

ಪಾಂಡವಪುರ ಪುಟ್ಟಿ: ಮೇಡಂ, ನಾನು ಹತ್ತನೇ ತರಗತಿವರೆಗೂ ಕನ್ನಡ ಮೀಡಿಯಂ. ಎಲ್ಲರೂ ಇಂಗ್ಲಿಷಲ್ಲಿ ಪಟಪಟ ಅಂತಾರೆ. ಭಯ ಆಗುತ್ತದೆ.

ಡಾಕ್ಟರ್ ಮೇಡಂ: ಭಯ ಬೇಡ ಕಣಮ್ಮ. ಆರು ತಿಂಗಳು ಕಷ್ಟ ಆಗುತ್ತದೆ, ಅದು ನಿಜ. ಆದರೆ ವೈದ್ಯಕೀಯದ ಪದಗಳು ಇಂಗ್ಲಿಷ್ ಮೀಡಿಯಂನವರಿಗೂ ಹೊಸವೇ. ಬಹಳಷ್ಟು ಗ್ರೀಕ್, ಲ್ಯಾಟಿನ್ ತುಂಡುಗಳು. ಹೆಪಾಟ್ ಅಂದರೆ ಲಿವರ್, ನೆಫ್ರೋ ಅಂದರೆ ಕಿಡ್ನಿ, ಆಸ್ಟಿಯೋ ಅಂದರೆ ಮೂಳೆ, ಐಟಿಸ್ ಅಂದರೆ ಉರಿಯೂತ. ದಿನಕ್ಕೆ ಐದು ತುಂಡು ಒಂದು ನೋಟ್‌ಬುಕ್ಕಲ್ಲಿ ಬರೆದಿಡು, ದೊಡ್ಡ ಪದ ಕಂಡಾಗ ಒಡೆದು ಓದು. ವಾರ್ಡಿಗೆ ಹೋದಮೇಲೆ ನೋಡು, ರೋಗಿ ಬಂದು "ಸಂಕಟ ಆಗ್ತದೆ, ಎದೆ ಹಿಡ್ಕಂಡಂಗೆ ಆಗ್ತದೆ" ಅಂದರೆ ಅದು ಹೊಟ್ಟೆ ತೊಳಸೋದಾ, ಉಸಿರು ಕಟ್ಟೋದಾ ಅಂತ ನೀನು ನಾಲ್ಕು ಮಾತಲ್ಲಿ ಬಿಡಿಸಿ ಕೇಳುತ್ತೀಯ. ರೋಗಿಯ ಮಾತಿನಿಂದಲೇ ಕಾಯಿಲೆ ಹಿಡಿಯೋದು ನಮ್ಮ ಕೆಲಸದ ಮೂಲ.

ಕುವೆಂಪುನಗರ ಮೇಷ್ಟ್ರು: ಇಷ್ಟು ಕಷ್ಟ ಯಾಕೆ ಪಡಬೇಕು? ಮಧ್ಯಪ್ರದೇಶದಲ್ಲಿ 2022ರಲ್ಲೇ ಎಂಬಿಬಿಎಸ್ ಪುಸ್ತಕ ಹಿಂದಿಯಲ್ಲಿ ತಂದರು. ನಾವು ಇನ್ನೂ ಮಕ್ಕಳನ್ನು ಅಳಿಸುತ್ತಾ ಕೂತಿದ್ದೇವೆ.

ಇಂಟರ್ನ್ ಮಂಡ್ಯ: ಸರ್, ಪುಸ್ತಕ ತಂದರೆ ಆಯಿತಾ? ಹೊಸ ಸಂಶೋಧನೆ ಎಲ್ಲಾ ಇಂಗ್ಲಿಷಲ್ಲೇ ಬರೋದು. ವೈದ್ಯಕೀಯ ಪ್ರಬಂಧ ಸಿಗೋ ಪಬ್‌ಮೆಡ್ ವೆಬ್‌ಸೈಟಲ್ಲಿ ಹುಡುಕೋದು ಹೇಗೆ?

ಕುವೆಂಪುನಗರ ಮೇಷ್ಟ್ರು: ಜಪಾನಿನವರು ಹೇಗೆ ಹುಡುಕುತ್ತಾರೋ ಹಾಗೆ. ನಿಮಗೆ ಕನ್ನಡ ಅಂದರೆ ಅಷ್ಟು ಸಸಾರ ಅಂತ ಗೊತ್ತಾಯಿತು ಬಿಡಿ.

ಇಂಟರ್ನ್ ಮಂಡ್ಯ: ಯಾರು ಸಸಾರ ಅಂದರು? ದಿನಾ 60 ರೋಗಿಗಳ ಹತ್ರ ಕನ್ನಡದಲ್ಲೇ ಮಾತಾಡುತ್ತೇನೆ. ನೀವು ವಾರ್ಡಿಗೆ ಬಂದು ನೋಡಿ, ಆಮೇಲೆ ಹೇಳಿ.

ಅಡ್ಮಿನ್: ದಯವಿಟ್ಟು ಇಬ್ಬರೂ ನಿಲ್ಲಿಸಿ.

ಹುಣಸೂರು ನರ್ಸ್: ಬಿಎಸ್‌ಸಿ ನರ್ಸಿಂಗ್ ಮುಗಿಸಿದ್ದೇನೆ ಮೇಡಂ, ಸಂಶೋಧನೆಗೆ ಹೋಗಬಹುದಾ?

ಸರಸ್ವತಿಪುರಂ: ಸಂಶೋಧನೆಗೆ 100 ಜನ ಸಾಕಾ ಮೇಡಂ? ನಮ್ಮ ಸೀನಿಯರ್ 100 ಅಂದರು.

ಡಾಕ್ಟರ್ ಮೇಡಂ: 100 ಎಲ್ಲಿಂದ ಬಂತು ಅಂತ ಸೀನಿಯರ್‌ನ ಕೇಳಿ. ಲೆಕ್ಕ ಇದೆ. ಊರಲ್ಲಿ ಒಂದು ಕಾಯಿಲೆ ಎಷ್ಟು ಜನಕ್ಕಿದೆ ಅಂತ ನೋಡೋದಾದರೆ, 4 ಗುಣಿಸು ಪಿ ಗುಣಿಸು ಕ್ಯೂ, ಭಾಗಿಸು ಡಿ ವರ್ಗ. ನೂರಕ್ಕೆ 20 ಜನಕ್ಕೆ ಇರಬಹುದು ಅಂತ ಹಿಂದಿನ ಅಧ್ಯಯನ ಹೇಳಿದರೆ ಪಿ 20, ಕ್ಯೂ ಅಂದರೆ ಮಿಕ್ಕ 80. ಆಚೆ ಈಚೆ 5 ತಪ್ಪಾದರೆ ಪರವಾಗಿಲ್ಲ ಅಂದರೆ ಡಿ 5. 6400 ಭಾಗಿಸು 25, ಅಂದರೆ 256 ಜನ.

ಕೆ.ಆರ್.ಪೇಟೆ ಅಣ್ಣ: ಫಾರ್ವರ್ಡ್ ಮಾಡಿದ್ದು: "ನೆಲನೆಲ್ಲಿ ಬೇರುಸಹಿತ ಅರೆದು ಹಾಲಲ್ಲಿ ಮೂರು ದಿನ ಕುಡಿದರೆ ಕಾಮಾಲೆ ಮಾಯ. ಡಾಕ್ಟರುಗಳು ಇದನ್ನು ಮುಚ್ಚಿಟ್ಟಿದ್ದಾರೆ. ಹತ್ತು ಜನಕ್ಕೆ ಕಳಿಸಿ." ಮೇಡಂ, ಮಕ್ಕಳು ಇಂಥದ್ದರ ಮೇಲೆ ಸಂಶೋಧನೆ ಮಾಡಬಾರದಾ?

ಡಾಕ್ಟರ್ ಮೇಡಂ: ಮಾಡಿದ್ದಾರೆ. ಯಾರೂ ಮುಚ್ಚಿಟ್ಟಿಲ್ಲ. 1988ರಲ್ಲಿ ಮದ್ರಾಸಿನ ಸಂಶೋಧಕರು ಹೆಪಟೈಟಿಸ್ ಬಿ ವೈರಸ್ ಮೈಯಲ್ಲಿ ಉಳಿದವರಿಗೆ ನೆಲನೆಲ್ಲಿ ಜಾತಿಯ ಗಿಡದ ಪುಡಿ 30 ದಿನ ಕೊಟ್ಟು ಲ್ಯಾನ್ಸೆಟ್ ಪತ್ರಿಕೆಯಲ್ಲಿ ಬರೆದರು. 37 ಜನರಲ್ಲಿ 22 ಜನರ ರಕ್ತದಲ್ಲಿ ವೈರಸ್ಸಿನ ಗುರುತು ಕಾಣಲಿಲ್ಲ. ಔಷಧಿ ಇಲ್ಲದ ಸುಮ್ನೆ ಮಾತ್ರೆ ತಗೊಂಡ 23 ಜನರಲ್ಲಿ ಒಬ್ಬರಿಗೆ ಮಾತ್ರ ಹಾಗಾಯಿತು. ಎಷ್ಟು ಒಳ್ಳೆಯ ಸುದ್ದಿ ಅಲ್ವಾ? ಆಮೇಲೆ ಬೇರೆ ದೇಶಗಳಲ್ಲಿ ಅದನ್ನೇ ಮಾಡಿ ನೋಡಿದಾಗ ಆ ಫಲ ಸಿಗಲಿಲ್ಲ. ಒಂದು ಅಧ್ಯಯನ ಸಾಲದು ಅನ್ನೋದು ಇದಕ್ಕೇ.

ಇನ್ನು ಊರಲ್ಲಿ ವಾಸಿಯಾಯಿತು ಅನ್ನೋದು. ನೀರಿನಿಂದ ಬರೋ ಹೆಪಟೈಟಿಸ್ ಎ ಕಾಮಾಲೆ ಹೆಚ್ಚಿನವರಿಗೆ ಕೆಲವು ವಾರದಲ್ಲಿ ತಾನಾಗೇ ಇಳಿಯುತ್ತದೆ. ಆ ಹೊತ್ತಲ್ಲಿ ಏನು ಕುಡಿದರೂ ಅದರಿಂದಲೇ ವಾಸಿ ಅನ್ನಿಸುತ್ತದೆ. ಆದರೆ ಪಿತ್ತನಾಳಕ್ಕೆ ಕಲ್ಲು ಸಿಕ್ಕಿ ಬಂದ ಕಾಮಾಲೆ, ಗಡ್ಡೆಯಿಂದ ಬಂದದ್ದು, ಬಸುರಿಗೆ ಹೆಪಟೈಟಿಸ್ ಇ ಆದದ್ದು, ಇವಕ್ಕೆ ಮೂರು ದಿನ ಮನೆಯಲ್ಲಿ ಕೂರಿಸಿದರೆ ಜೀವ ಹೋಗಬಹುದು. ಕಣ್ಣು ಹಳದಿ ಆದರೆ ಅವತ್ತೇ ಡಾಕ್ಟರ ಹತ್ರ ಹೋಗಿ. ಆ ಮೆಸೇಜು ಇಲ್ಲೇ ಅಳಿಸಿ.

ಕೆ.ಆರ್.ಪೇಟೆ ಅಣ್ಣ: ನಮ್ಮ ತಾತ 40 ವರ್ಷ ಕೊಟ್ಟಿದ್ದಾರೆ. ಯಾರೂ ಸತ್ತಿಲ್ಲ.

ಡಾಕ್ಟರ್ ಮೇಡಂ: ವಾಸಿಯಾದವರು ಬಂದು ಕಾಯಿ, ಬಾಳೆಹಣ್ಣು ಕೊಟ್ಟು ಹೋಗುತ್ತಾರೆ. ಸತ್ತವರ ಮನೆಯವರು ಬಂದು ಹೇಳಿ ಹೋಗುತ್ತಾರಾ? ಯಾರಿಗೆ ಕೊಟ್ಟರು, ಏನಾಯಿತು ಅಂತ ತಾತ ಪುಸ್ತಕದಲ್ಲಿ ಬರೆದಿಟ್ಟಿದ್ದರಾ?

ಎರಡನೇ ವರ್ಷ: ಮೇಡಂ, ಹೆಸರು, ಕಾಲೇಜು ಹೇಳೋದಿಲ್ಲ, ಕ್ಷಮಿಸಿ. ಹಳ್ಳಿಗಳಲ್ಲಿ 30 ದಾಟಿದವರಲ್ಲಿ ಎಷ್ಟು ಜನಕ್ಕೆ ಬಿಪಿ ಇದೆ ಅಂತ ಪ್ರಾಜೆಕ್ಟ್ ಮಾಡುತ್ತಿದ್ದೇನೆ. ನಮಗೂ ನೀವು ಹೇಳಿದ ಲೆಕ್ಕದಲ್ಲೇ 256 ಬಂದಿತ್ತು. 171 ಆಗಿದೆ. ಮಿಕ್ಕ ಮನೆಗಳಿಗೆ ಯಾವಾಗ ಹೋದರೂ ಬೀಗ, ಕಬ್ಬು ಕಡಿಯೋಕೆ ಹೋಗಿರುತ್ತಾರೆ. ರಿಪೋರ್ಟ್ ಕೊಡೋಕೆ 12 ದಿನ ಇದೆ. ಗೈಡ್ "ಮಿಕ್ಕ 85 ಫಾರಂ ಹಾಸ್ಟೆಲ್‌ನಲ್ಲಿ ಕೂತು ತುಂಬಿಬಿಡು, ಎಲ್ಲರೂ ಮಾಡೋದು ಹೀಗೇ" ಅಂದರು. ಏನು ಮಾಡಲಿ? ಇನ್ನೊಂದು, ಒಬ್ಬ ಅಜ್ಜಿಯದು 196/118 ಬಂತು. ಮಿಷನ್ ಸರಿ ಇಲ್ಲವೇನೋ ಅನ್ನಿಸಿತು. ಅದನ್ನು ಔಟ್‌ಲೈಯರ್, ಅಂದರೆ ಮಿಕ್ಕವಕ್ಕೆ ಹೊಂದದ ಅಂಕಿ ಅಂತ ತೆಗೆದುಬಿಡಬಹುದಾ?

ಡಾಕ್ಟರ್ ಮೇಡಂ: ಆ ಅಜ್ಜಿಗೆ ಏನು ಹೇಳಿದೆ? ನೋಡಿದ್ದು ಯಾವತ್ತು?

ಎರಡನೇ ವರ್ಷ: ಏನೂ ಹೇಳಲಿಲ್ಲ ಮೇಡಂ. ಸೋಮವಾರ.

ಡಾಕ್ಟರ್ ಮೇಡಂ: ಇವತ್ತು ಗುರುವಾರ. ಮೂರು ದಿನ ಆಯಿತು. ಮೊದಲು ಆ ಊರಿನ ಆಶಾ ಕಾರ್ಯಕರ್ತೆಗೆ ಈಗಲೇ ಫೋನ್ ಮಾಡು. ತಲೆನೋವು ಜಾಸ್ತಿ, ಎದೆನೋವು, ಉಸಿರಾಟಕ್ಕೆ ಕಷ್ಟ, ಕಣ್ಣು ಮಂಜು, ಕೈ ಕಾಲು ಸೋಲೋದು, ಮಾತು ತೊದಲೋದು, ಇದರಲ್ಲಿ ಒಂದಿದ್ದರೂ 108ಕ್ಕೆ ಕರೆ ಮಾಡಿ ಆಸ್ಪತ್ರೆಗೆ ಕಳಿಸಲಿ. ಏನೂ ಇಲ್ಲದಿದ್ದರೆ ನಾಳೆ ಬೆಳಿಗ್ಗೆ ನೀನೇ ಹೋಗು. ಐದು ನಿಮಿಷ ಕೂರಿಸು, ಬೆನ್ನಿಗೆ ಗೋಡೆ ಇರಲಿ, ಕಾಲು ನೆಲಕ್ಕೆ ತಾಗಿರಲಿ, ತೋಳಿಗೆ ಸರಿಯಾದ ಪಟ್ಟಿ ಕಟ್ಟು, ಮಾತಾಡಿಸಬೇಡ. ಎರಡು ಸಲ ನೋಡು. ಆಮೇಲೆ ಕೈ ಹಿಡಿದು ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಕರೆದುಕೊಂಡು ಹೋಗು. ಯಾರೋ ನಾಲಿಗೆ ಕೆಳಗೆ ಮಾತ್ರೆ ಇಟ್ಟು ಬಿಪಿ ಇಳಿಸೋಣ ಅಂತಾರೆ, ಬಿಡಬೇಡ. ಧಿಡೀರನೆ ಇಳಿದರೆ ಲಕ್ವ ಹೊಡೆಯಬಹುದು.

ನೋಡು ಮಗಳೇ, ಅಜ್ಜಿ ತೋಳು ಕೊಟ್ಟಿದ್ದು ನಿನ್ನನ್ನು ಡಾಕ್ಟರು ಅಂತ ನಂಬಿ. ನಿನ್ನ ಒಪ್ಪಿಗೆ ಪತ್ರದಲ್ಲಿ "ತೊಂದರೆ ಕಂಡರೆ ಚಿಕಿತ್ಸೆಗೆ ಕಳಿಸುತ್ತೇವೆ" ಅಂತ ಬರೆದಿರುತ್ತದೆ, ತೆಗೆದು ಓದು. ಅವರಿಗೆ ಓದೋಕೆ ಬರದಿದ್ದರೆ ಹೆಬ್ಬೆಟ್ಟು ಒತ್ತಿಸುವಾಗ ಪಕ್ಕದಲ್ಲಿ ಸಾಕ್ಷಿ ಇರಬೇಕಿತ್ತು, ಇದ್ದರಾ?

ಈಗ 85 ಫಾರಂ. ತುಂಬಬೇಡ. ಒಂದೂ ಬೇಡ. 171ಕ್ಕೇ ಲೆಕ್ಕ ಹಾಕು. 6400 ಭಾಗಿಸು 171 ಅಂದರೆ 37.4, ಅದರ ವರ್ಗಮೂಲ 6.1. 256 ಜನ ಸಿಕ್ಕಿದ್ದರೆ ತಪ್ಪು ಆಚೆ ಈಚೆ 5 ಇರುತ್ತಿತ್ತು, ಈಗ 6.1. ಇಷ್ಟೇ ವ್ಯತ್ಯಾಸ. ಇಷ್ಟಕ್ಕೆ 85 ಜನರನ್ನು ಹುಟ್ಟಿಸಬೇಕಾ? ಕೂತು ಬರೆದ ಅಂಕಿ ಸಿಕ್ಕಿಬೀಳುತ್ತದೆ ಕೂಡ. ಒಳ್ಳೆ ಡಿಜಿಟಲ್ ಮಿಷನ್‌ನಲ್ಲಿ ಕೊನೆಯ ಅಂಕಿ 0ಯಿಂದ 9ರವರೆಗೆ ಹೆಚ್ಚುಕಮ್ಮಿ ಸಮನಾಗಿ ಬರುತ್ತದೆ. ಮನುಷ್ಯ ಕೂತು ಬರೆದರೆ ಹಾಗೆ ಬರೋದಿಲ್ಲ.

ನನಗೆ ಇದಕ್ಕಿಂತ ಯೋಚನೆ ಆಗಿರೋದು ಬೀಗ ಹಾಕಿದ ಮನೆ. ಹಗಲು ಹೊತ್ತು ಮನೆಯಲ್ಲಿ ಸಿಕ್ಕಿದವರು ಯಾರು? ವಯಸ್ಸಾದವರು, ಕಾಯಿಲೆಯವರು. ದುಡಿಯೋರೆಲ್ಲ ಕಬ್ಬಿನ ಗದ್ದೆಯಲ್ಲಿ. ಹಾಗಾದರೆ ನಿನ್ನ ಲೆಕ್ಕದಲ್ಲಿ ಬಿಪಿ ಇರುವುದಕ್ಕಿಂತ ಜಾಸ್ತಿ ಕಾಣುತ್ತದೆ. 12 ದಿನದಲ್ಲಿ ಒಂದು ಭಾನುವಾರವಾದರೂ ಇದೆಯಲ್ಲ, ಸಂಜೆ ಏಳರ ಮೇಲೆ ಹೋಗು, ಗೆಳತಿಯ ಜೊತೆ ಹೋಗು. 20 ಜನ ಸಿಕ್ಕಿದರೂ ಅವರ ವಯಸ್ಸನ್ನು ಹಗಲಲ್ಲಿ ಸಿಕ್ಕವರ ಜೊತೆ ಹೋಲಿಸಿ ಬರಿ. ನಿನ್ನ ಪ್ರಾಜೆಕ್ಟಿನಲ್ಲಿ ಓದಬೇಕಾದ ಪುಟ ಅದೇ ಆಗುತ್ತದೆ.

ಮೈಸೂರಿನ ಮಿಷನ್ ಆಸ್ಪತ್ರೆ, ಹೋಲ್ಡ್ಸ್‌ವರ್ತ್ ಆಸ್ಪತ್ರೆ ಗೊತ್ತಲ್ಲ. ಅಲ್ಲಿ ಹುಟ್ಟಿದ ಮಕ್ಕಳ ತೂಕವನ್ನು 1934ರಿಂದ ದಾಖಲೆ ಪುಸ್ತಕದಲ್ಲಿ ಬರೆದಿಟ್ಟಿದ್ದರು. ಹೆರಿಗೆ ಕೋಣೆಯಲ್ಲಿದ್ದವರಿಗೆ ಅದು ದಿನದ ಕೆಲಸ, ಅಷ್ಟೇ. ದಶಕಗಳಾದ ಮೇಲೆ ಸಂಶೋಧಕರು ಆ ಪುಸ್ತಕ ಹಿಡಿದು, 1934ರಿಂದ 1954ರ ನಡುವೆ ಹುಟ್ಟಿ ಊರ ಸುತ್ತಮುತ್ತ ಇದ್ದ 517 ಜನರನ್ನು ಹುಡುಕಿ ಪರೀಕ್ಷೆ ಮಾಡಿದರು. ಹುಟ್ಟುವಾಗ ತೂಕ ಕಮ್ಮಿ ಇದ್ದವರಿಗೆ ಹೃದಯದ ಕಾಯಿಲೆ ಜಾಸ್ತಿ ಇತ್ತು. 1996ರಲ್ಲಿ ಅದು ಲ್ಯಾನ್ಸೆಟ್‌ನಲ್ಲಿ ಬಂತು. ತಕ್ಕಡಿ ನೋಡದೆ ಯಾರಾದರೂ "ಐದೂವರೆ ಪೌಂಡ್" ಅಂತ ತುಂಬುತ್ತಾ ಹೋಗಿದ್ದರೆ ಏನು ಸಿಗುತ್ತಿತ್ತು ಹೇಳು.

ಇಂಟರ್ನ್ ಮಂಡ್ಯ: ಮೇಡಂ, ಹೇಳೋದು ಸುಲಭ. ಗೈಡನ್ನು ಎದುರು ಹಾಕಿಕೊಂಡರೆ ಇಂಟರ್ನಲ್ ಮಾರ್ಕ್ಸ್ ಯಾರು ಕೊಡುತ್ತಾರೆ? ನಮ್ಮ ಬ್ಯಾಚಲ್ಲಿ ಅರ್ಧ ಜನ ಹೀಗೇ ತುಂಬಿದ್ದು.

ಡಾಕ್ಟರ್ ಮೇಡಂ: ಜಗಳ ಆಡು ಅಂತ ನಾನು ಹೇಳಿಲ್ಲ. 171ರ ಲೆಕ್ಕ ಮಾಡಿದ ಹಾಳೆ ಹಿಡಿದು ಹೋಗಿ "ಸರ್, ಇಷ್ಟಕ್ಕೇ ಬರೆಯಲಾ?" ಅಂತ ಕೇಳಲಿ. ಬಹಳ ಗೈಡ್‌ಗಳು ಹೂಂ ಅಂತಾರೆ, ಅವರಿಗೆ ಬೇಕಿರೋದು ರಿಪೋರ್ಟ್. ಒಪ್ಪದಿದ್ದರೆ ವಿಭಾಗದ ಮುಖ್ಯಸ್ಥರು, ಆಮೇಲೆ ಸಂಶೋಧನೆ ನ್ಯಾಯವಾಗಿ ನಡೆಯುತ್ತಿದೆಯಾ ಅಂತ ನೋಡೋ ಎಥಿಕ್ಸ್ ಕಮಿಟಿ. ನಿಮ್ಮ ಬ್ಯಾಚಿನ ಅರ್ಧ ಜನ ಮಾಡಿದ್ದು ನನಗೆ ಬೇಸರದ ವಿಷಯ, ಅದನ್ನು ಇಲ್ಲಿ ಆಧಾರ ಅಂತ ಕೊಡಬೇಡಿ.

ಕುವೆಂಪುನಗರ ಮೇಷ್ಟ್ರು: ಇಂಥವರೇ ನಾಳೆ ನಮಗೆ ಚಿಕಿತ್ಸೆ ಕೊಡೋದು.

ಇಂಟರ್ನ್ ಮಂಡ್ಯ: ಮೇಷ್ಟ್ರೇ, ನಿಮ್ಮನ್ನು ಯಾರೂ ಕೇಳಲಿಲ್ಲ.

ಸರಸ್ವತಿಪುರಂ: ಏಳು ದಿನದಲ್ಲಿ ಪ್ರಬಂಧ ಪ್ರಕಟ ಮಾಡುತ್ತೇವೆ, 6,000 ರೂಪಾಯಿ ಅಂತ ಇಮೇಲ್ ಬಂದಿದೆ ಮೇಡಂ. ಕಳಿಸಲಾ?

ಡಾಕ್ಟರ್ ಮೇಡಂ: ಬೇಡ. ಏಳು ದಿನದಲ್ಲಿ ಯಾರೂ ಓದಿ ಪರಿಶೀಲನೆ ಮಾಡೋಕಾಗಲ್ಲ. ಎಂಬಿಬಿಎಸ್ ಮಕ್ಕಳಿಗೆ ಐಸಿಎಂಆರ್, ಅಂದರೆ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, 1979ರಲ್ಲಿ ಶುರು ಮಾಡಿದ ಎಸ್‌ಟಿಎಸ್ ಅನ್ನೋ ವಿದ್ಯಾರ್ಥಿವೇತನ ಇದೆ. ಎರಡು ತಿಂಗಳ ಕೆಲಸ, ಗೈಡ್ ಬೇಕು, ಎಥಿಕ್ಸ್ ಕಮಿಟಿ ಒಪ್ಪಿಗೆ ಬೇಕು. ಮೊದಲ ಸಂಶೋಧನೆ ಅಲ್ಲಿ ಕಲಿಯಿರಿ.

ನಾಗಮಂಗಲ: ಎಂಬಿಬಿಎಸ್ ಎಷ್ಟು ವರ್ಷ ಮೇಡಂ? ಜಾರ್ಜಿಯಾದಲ್ಲಿ ಓದಿದರೆ ಹೇಗೆ?

ಡಾಕ್ಟರ್ ಮೇಡಂ: ಐದೂವರೆ. ಮೇಲೆ ಇದೆ.

ಕೆ.ಆರ್.ಪೇಟೆ ಅಣ್ಣ: ಬಿಪಿಗೆ ಬೆಳ್ಳುಳ್ಳಿ, ನಿಂಬೆರಸದ ಒಂದು ಮೆಸೇಜು ಇದೆ. ಆ ಅಜ್ಜಿಗೆ ಆಗಬಹುದು, ಹಾಕಲಾ?

ಡಾಕ್ಟರ್ ಮೇಡಂ: ಬೇಡ. 196/118ಕ್ಕೆ ಬೆಳ್ಳುಳ್ಳಿ ಅನ್ನೋ ಮಾತು ಈ ಗುಂಪಲ್ಲಿ ಇನ್ನೊಂದು ಸಲ ಬಂದರೆ ನಾನು ಇರೋದಿಲ್ಲ.

ಅಡ್ಮಿನ್: ಕೆ.ಆರ್.ಪೇಟೆ ಅಣ್ಣ, ಎರಡು ದಿನ ನಿಮ್ಮ ಮೆಸೇಜು ನಿಲ್ಲಿಸಿದ್ದೇನೆ. ಮೇಷ್ಟ್ರದ್ದೂ, ಇಂಟರ್ನ್‌ದೂ.

ಎರಡನೇ ವರ್ಷ (ಶುಕ್ರವಾರ): ಮೇಡಂ, ರಾತ್ರಿಯೇ ಆಶಾ ಅಕ್ಕ ಹೋಗಿ ನೋಡಿದರು, ಏನೂ ತೊಂದರೆ ಇರಲಿಲ್ಲ. ಬೆಳಿಗ್ಗೆ ನಾನು ಹೋದೆ. 188/112, ಆಮೇಲೆ 184/110. ಮಿಷನ್ ಸರಿಯಾಗೇ ಇತ್ತು. ಅಜ್ಜಿಗೆ ಎರಡು ವರ್ಷದ ಹಿಂದೆ ಮಾತ್ರೆ ಕೊಟ್ಟಿದ್ದರಂತೆ, ಬಸ್ಸಿಗೆ ದುಡ್ಡಿಲ್ಲ ಅಂತ ಬಿಟ್ಟಿದ್ದರು. ಆರೋಗ್ಯ ಕೇಂದ್ರದಲ್ಲಿ ಮತ್ತೆ ಶುರು ಮಾಡಿದರು. ಫಾರಂನಲ್ಲಿ ಸೋಮವಾರದ್ದು ಹೊಡೆದುಹಾಕಿ ಇವತ್ತಿನದು ಬರೆಯಲಾ?

ಡಾಕ್ಟರ್ ಮೇಡಂ: ಹೊಡೆದುಹಾಕಬೇಡ. ಸೋಮವಾರದ್ದು ಹಾಗೇ ಇರಲಿ, ಇವತ್ತಿನ ಎರಡನ್ನೂ ಪಕ್ಕದಲ್ಲಿ ತಾರೀಕು ಹಾಕಿ ಬರಿ. ಮಾತ್ರೆ ಬಿಟ್ಟದ್ದು ಬಸ್ ಚಾರ್ಜಿಗೆ ಅನ್ನೋದನ್ನೂ ಬರಿ. ಮುಂದಿನ ವಾರ ಅಜ್ಜಿಯ ಬಿಪಿ ನೋಡಿ ನನಗೆ ಹೇಳು.