ಡಿಕಿನ್ಸನ್ ಪತ್ರಗಳಲ್ಲಿ ‘ಸುಂಕ’ವೋ ‘ತೆರಿಗೆ’ಯೋ?

ಗೆಳೆಯರೇ,

ಜಾನ್ ಡಿಕಿನ್ಸನ್ ಬರೆದ ‘ಪೆನ್ಸಿಲ್ವೇನಿಯಾದ ರೈತನ ಪತ್ರಗಳು’ ಕನ್ನಡಕ್ಕೆ ತರುತ್ತಿದ್ದೇನೆ. ಒಟ್ಟು 12 ಪತ್ರ. 1767ರ ಡಿಸೆಂಬರಿನಿಂದ ಫಿಲಡೆಲ್ಫಿಯಾದ ಪತ್ರಿಕೆಯೊಂದರಲ್ಲಿ ಬಂದವು. ಮೂರು ಪತ್ರ ಸಲೀಸಾಗಿ ಮುಗಿದವು. ನಾಲ್ಕನೆಯದರಲ್ಲಿ ಗಾಡಿ ಹೂತುಕೊಂಡಿದೆ.

ಆ ವರ್ಷ ಬ್ರಿಟಿಷ್ ಪಾರ್ಲಿಮೆಂಟು ಅಮೆರಿಕದಲ್ಲಿದ್ದ ತನ್ನ ವಸಾಹತುಗಳಿಗೆ ಹೋಗುವ ಗಾಜು, ಕಾಗದ, ಸೀಸ, ಬಣ್ಣ, ಟೀ ಮೇಲೆ ‘ಡ್ಯೂಟಿ’ ಹಾಕಿತ್ತು. ಬಂದರಿನಲ್ಲಿ ಕಟ್ಟುವುದು ‘ಹೊರಗಿನ’ ಟ್ಯಾಕ್ಸ್, ಅದಕ್ಕೆ ಅಡ್ಡಿಯಿಲ್ಲ ಅನ್ನುವ ವಾದವೂ ಇತ್ತು. ಡಿಕಿನ್ಸನ್ ಒಪ್ಪಲಿಲ್ಲ. ಒಳಗೋ ಹೊರಗೋ ಅಂತ ನೋಡಬೇಡಿ, ಯಾತಕ್ಕೆ ಹಾಕಿದ್ದು ಅಂತ ನೋಡಿ ಅಂದ. ವ್ಯಾಪಾರವನ್ನು ಹತೋಟಿಯಲ್ಲಿಡುವ ಡ್ಯೂಟಿ ಬೇರೆ. ಬರೀ ದುಡ್ಡೆತ್ತಲು ಹೇರಿದ್ದು ಟ್ಯಾಕ್ಸ್. ಅಂದರೆ ಆ ಪತ್ರವೇ ಒಂದು ಪದಚರ್ಚೆ!

ಡ್ಯೂಟಿಗೆ ಸುಂಕ, ಟ್ಯಾಕ್ಸ್‌ಗೆ ತೆರಿಗೆ ಅಂತ ಹಾಕಿ ನೋಡಿದೆ. ‘ಈ ಸುಂಕ ನಿಜಕ್ಕೂ ತೆರಿಗೆ’ ಅಂದರೆ ನಮ್ಮ ಓದುಗರು ‘ಹೌದು, ಅದರಲ್ಲೇನಿದೆ?’ ಅಂತಾರೆ. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡಂತೆ ಅನ್ನುವ ನಮಗೆ ಸುಂಕ ಅಂದರೇ ವಸೂಲಿ, ಅಲ್ವಾ? ‘ಹತೋಟಿ ಸುಂಕ’, ‘ಆದಾಯದ ಸುಂಕ’ ಅಂತ ಒಡೆದೂ ನೋಡಿದೆ. ಅರ್ಥ ಸ್ಪಷ್ಟವಾಗುತ್ತದೆ, ಆದರೆ ಅವನು ವಾದಿಸಿ ಗೆಲ್ಲಬೇಕಾದ್ದನ್ನು ಪದವೇ ಮೊದಲು ಹೇಳಿಬಿಡುತ್ತದೆ.

ಈಗ ಕ್ರಿಯಾಪದದ ಮೇಲೆ ಭಾರ ಹಾಕುವ ಯೋಚನೆ. ಸುಂಕ ‘ಹಾಕುತ್ತಾರೆ’, ತೆರಿಗೆ ‘ಹೇರುತ್ತಾರೆ’. ಇಲ್ಲೊಂದು ಕೊಸರು. ತೆರಿಗೆ ಬಂದದ್ದು ‘ತೆರು’ವಿನಿಂದ, ಅದು ಕೊಡುವವನ ಕಡೆಯ ಪದ. ಜನ ತಾವಾಗಿ, ತಮ್ಮ ಪ್ರತಿನಿಧಿಗಳ ಮೂಲಕ ಒಪ್ಪಿ ತೆತ್ತರೆ ಮಾತ್ರ ಸರಿ ಅನ್ನುವುದೇ ಅವನ ಹಟ. ಹಾಗಿದ್ದರೆ ಒಪ್ಪದೆ ಕಿತ್ತುಕೊಂಡಿದ್ದನ್ನು ತೆರಿಗೆ ಅನ್ನಬಹುದಾ? ‘ಹೇರಿಕೆ’ ಅನ್ನೋಣ ಅಂದರೆ, ದಿನಾ ಆಡುವ ಮಾತಲ್ಲ. ನಿಮಗೆ ಬೇರೆ ಏನಾದರೂ ಹೊಳೆಯುತ್ತಾ?

ಇನ್ನೊಂದು ಸಣ್ಣ ವಿಷಯ. ತಲೆಬರಹದ ‘ರೈತ’ ನಿಜವಾಗಿ ವಕೀಲ, ಪ್ರಾಂತ್ಯದ ಶಾಸನಸಭೆಯಲ್ಲಿ ಕೂತವನು. ಪತ್ರದಲ್ಲಿ ರೈತನ ವೇಷ ಹಾಕಿದ್ದಾನೆ. ಆ ವೇಷದ ರೈತನಿಗೂ ಆಳುಗಳಿದ್ದಾರೆ, ಸ್ವಲ್ಪ ಹಣ ಬಡ್ಡಿಗೂ ಓಡುತ್ತಿದೆ! ‘ರೈತ’ ಅಂದರೆ ನಮ್ಮವರ ಕಣ್ಣಿಗೆ ಬೇರೆಯೇ ಚಿತ್ರ ಬರುತ್ತದೆ. ‘ಜಮೀನುದಾರ’ ಅಂದರೆ ತೀರಾ ಜಾಸ್ತಿಯಾಯಿತು. ‘ಬೇಸಾಯಗಾರ’ ನಡೆದೀತೇ?